ಅಣ್ಣನ ಫಾರ್ಮ್ 16

2025ರ ನಾಗರ ಪಂಚಮಿಗೆ ಅಣ್ಣ ಇಪ್ಪತ್ತು ದಿನದ ರಜೆ ಹಾಕಿ ಊರಿಗೆ ಬಂದಿದ್ದ. ಮೂರು ವರ್ಷದ ಮೇಲೆ ಹಬ್ಬಕ್ಕೆ ಸಿಕ್ಕ ಮಗ ಅಂತ ಅವ್ವ ಎಳ್ಳುಂಡಿ, ಶೇಂಗಾ ಉಂಡಿ, ರವೆ ಉಂಡಿ ಅಂತ ಡಬ್ಬಿಗಟ್ಟಲೆ ಮಾಡಿಟ್ಟಿದ್ದಳು. ಅಣ್ಣನ ಮಗಳಿಗೆ ಜೋಕಾಲಿ ಕಟ್ಟುವ ಕೆಲಸ ನನ್ನದು. ಬೆಂಗಳೂರಿನಿಂದ ರಾತ್ರಿ ಬಸ್ಸಿಗೆ ಬೈಲಹೊಂಗಲಕ್ಕೆ ಹೋಗುವಾಗ ಲ್ಯಾಪ್‌ಟಾಪ್ ತಗೊಂಡು ಹೋಗೋದೋ ಬಿಡೋದೋ ಅಂತ ಯೋಚಿಸಿ, ಕೊನೆಗೆ ಆಫೀಸಿನ ಭಯಕ್ಕೆ ಹಾಕಿಕೊಂಡಿದ್ದೆ. ಅದು ಆಫೀಸಿಗಿಂತ ಮನೆಗೇ ಹೆಚ್ಚು ಉಪಯೋಗಕ್ಕೆ ಬಂತು.

ಹಬ್ಬದ ಮರುದಿನ ಮಧ್ಯಾಹ್ನ ಅಣ್ಣ ತನ್ನ ಮೊಬೈಲ್ ನನ್ನ ಕೈಗೆ ಕೊಟ್ಟ. "ತಮ್ಮಾ, ಇದೇನ್ ಬಂದೈತಿ ನೋಡಪಾ. ಇನ್‌ಕಂ ಟ್ಯಾಕ್ಸ್‌ದವರದು ಅನಸ್ತೈತಿ."

ಆದಾಯ ತೆರಿಗೆ ಇಲಾಖೆಯ ಎಸ್‌ಎಂಎಸ್. ಹಿಂದಿನ ವರ್ಷ ಸಲ್ಲಿಸಿದ ರಿಟರ್ನ್‌ನಲ್ಲಿ ಕೇಳಿರುವ ಕಡಿತಗಳನ್ನು ಇನ್ನೊಮ್ಮೆ ನೋಡಿಕೊಳ್ಳಿ, ತಪ್ಪಿದ್ದರೆ ಸರಿಪಡಿಸಿ ಅನ್ನೋದು ಅದರ ಸಾರಾಂಶ. ಬೆದರಿಕೆಯ ಧಾಟಿಯೇನೂ ಇರಲಿಲ್ಲ. ಆದರೂ ನನಗೆ ಹೊಟ್ಟೆಯಲ್ಲಿ ಕಸಿವಿಸಿ ಆಯ್ತು. ಯಾಕಂದ್ರೆ ಅದಕ್ಕೆ ಎರಡು ವಾರ ಮುಂಚೆ, ಜುಲೈ 14ರಂದು, ಸುಳ್ಳು ಕಡಿತ ತೋರಿಸಿ ರೀಫಂಡ್ ಕೊಡಿಸುವ ಜಾಲಗಳ ಮೇಲೆ ಇಲಾಖೆ ದೇಶದ 150 ಕಡೆ ಶೋಧ ನಡೆಸಿದ್ದನ್ನು ಪೇಪರ್‌ನಲ್ಲಿ ಓದಿದ್ದೆ. ಹಿಂದಿನ ನಾಲ್ಕು ತಿಂಗಳಲ್ಲಿ ಸುಮಾರು 40,000 ಜನ ತಾವಾಗಿಯೇ ರಿಟರ್ನ್ ತಿದ್ದಿ, 1,045 ಕೋಟಿ ರೂಪಾಯಿಯ ಸುಳ್ಳು ಕ್ಲೇಮ್ ವಾಪಸ್ ತಗೊಂಡಿದ್ದಾರೆ ಅಂತಲೂ ಇಲಾಖೆ ಹೇಳಿತ್ತು.

"ಅಣ್ಣಾ, ಹೋದ ವರ್ಷ ರಿಟರ್ನ್ ಯಾರು ತುಂಬಿದ್ರು?"

"ಒಬ್ಬಾಂವ ಅದಾನ. ನಮ್ಮ ಹುಡುಗೂರು ಭಾಳ ಮಂದಿ ಅವನ ಕಡೆನ ಮಾಡಸ್ತಾರ. ಪ್ಯಾನ್, ಪಾಸ್‌ವರ್ಡ್, ಫಾರ್ಮ್ 16 ವಾಟ್ಸಾಪ್ ಮಾಡಿದ್ರ ಸಾಕು. ಬಂದ ರೊಕ್ಕದಾಗ ನೂರಕ್ಕ ಇಪ್ಪತ್ತು ಅವಂಗ."

"ಎಷ್ಟು ಬಂತು?"

"ಕಡದಿದ್ದಷ್ಟೂ ಬಂತು. ಐವತ್ತೆರಡು ಸಾವಿರ."

ಕಡಿದಿದ್ದಷ್ಟೂ ವಾಪಸ್ ಬಂದಿದೆ ಅಂದ್ರೆ ಅಣ್ಣ ಒಂದು ರೂಪಾಯಿ ತೆರಿಗೆಯನ್ನೂ ಕೊಟ್ಟಂತಾಗಲಿಲ್ಲ. ಹದಿನೇಳು ವರ್ಷ ಸರ್ವಿಸ್ ಆದ ಹವಾಲ್ದಾರನಿಗೆ ಅದು ಹೇಗೆ ಸಾಧ್ಯ? ಹೊಳೀಗಿ ಉಂಡು ಮಲಗಬೇಕಿದ್ದ ಮಧ್ಯಾಹ್ನ ನಾನು ಲ್ಯಾಪ್‌ಟಾಪ್ ತೆಗೆದು ಕೂತೆ.

ಯಾರೂ ಓದದ ಕಾಗದ

ಮೊದಲು ನನ್ನ ತಪ್ಪು ಒಪ್ಪಿಕೊಳ್ತೀನಿ. ನನ್ನ ಕಂಪನಿಯಲ್ಲಿ ಪ್ರತಿ ಜೂನ್‌ಗೆ ಫಾರ್ಮ್ 16 ಇಮೇಲ್‌ಗೆ ಬಂದು ಬೀಳುತ್ತೆ. ಏಳೆಂಟು ವರ್ಷದಿಂದ ಅದನ್ನು ನಾನೂ ಸರಿಯಾಗಿ ಓದಿರಲಿಲ್ಲ. ಡೌನ್‌ಲೋಡ್ ಮಾಡು, ಅಪ್‌ಲೋಡ್ ಮಾಡು, ಮುಗೀತು. ಅಣ್ಣನದನ್ನು ಓದುವಾಗಲೇ ನನಗೆ ಅದರ ಒಳಗೇನಿದೆ ಅಂತ ತಿಳಿದಿದ್ದು.

ಫಾರ್ಮ್ 16 ಅಂದ್ರೆ ಸಂಬಳ ಕೊಡುವವರು ಬರೆದುಕೊಡುವ ಪ್ರಮಾಣಪತ್ರ. ನಿಮಗೆ ವರ್ಷಕ್ಕೆ ಇಷ್ಟು ಸಂಬಳ ಕೊಟ್ಟಿದ್ದೇವೆ, ಅದರಲ್ಲಿ ಇಷ್ಟು ತೆರಿಗೆ ಹಿಡಿದು ಸರ್ಕಾರಕ್ಕೆ ಕಟ್ಟಿದ್ದೇವೆ ಅಂತ. ಇದಕ್ಕೆ ಎರಡು ಭಾಗ. 'ಎ' ಭಾಗದಲ್ಲಿ ನಮ್ಮ ಪ್ಯಾನ್, ಸಂಬಳ ಕೊಡುವ ಕಚೇರಿಯ ಟ್ಯಾನ್, ಮೂರು ಮೂರು ತಿಂಗಳಿಗೆ ಹಿಡಿದ ತೆರಿಗೆ. 'ಬಿ' ಭಾಗದಲ್ಲಿ ಲೆಕ್ಕದ ವಿವರ: ಒಟ್ಟು ಸಂಬಳ, ಅದರಲ್ಲಿ ತೆರಿಗೆ ಇಲ್ಲದ ಭತ್ಯೆ, ಸ್ಟ್ಯಾಂಡರ್ಡ್ ಡಿಡಕ್ಷನ್, 80ಸಿಯಂಥ ಕಡಿತಗಳು, ಕೊನೆಗೆ ತೆರಿಗೆ. ಮಾರ್ಚ್‌ಗೆ ಮುಗಿದ ವರ್ಷದ ಫಾರ್ಮ್ 16 ಅನ್ನು ಜೂನ್ 15ರೊಳಗೆ ಕೊಡಬೇಕು ಅನ್ನೋದು ನಿಯಮ. ಕಂಪನಿಗೂ ಅದೇ, ಸೇನೆಗೂ ಅದೇ.

ಸೈನಿಕರಿಗೆ ಇದು ಬರುವ ದಾರಿ ಮಾತ್ರ ಬೇರೆ. ಜವಾನನ ಸಂಬಳದ ಲೆಕ್ಕ ಇರೋದು ಅವನ ಯೂನಿಟ್ ಇರುವ ಜಾಗದಲ್ಲಲ್ಲ. ಪ್ರತಿ ರೆಜಿಮೆಂಟಿನ ಕೇಂದ್ರಕ್ಕೆ ಹೊಂದಿಕೊಂಡು ಒಂದು ಪೇ ಅಕೌಂಟ್ಸ್ ಆಫೀಸ್ ಇರುತ್ತೆ. ಅದು ರಕ್ಷಣಾ ಲೆಕ್ಕ ಇಲಾಖೆಗೆ ಸೇರಿದ್ದು. ನಮ್ಮ ಬೆಳಗಾವಿಯಲ್ಲಿ ಮರಾಠಾ ಲೈಟ್ ಇನ್‌ಫೆಂಟ್ರಿಯ ಕೇಂದ್ರ ಇದೆ, ಬೆಂಗಳೂರಿನಲ್ಲಿ ಮದ್ರಾಸ್ ಇಂಜಿನಿಯರ್ ಗ್ರೂಪಿನ ಕೇಂದ್ರ ಇದೆ. ಸೈನಿಕ ಗಡಿಯಲ್ಲಿರಲಿ, ರಜೆಯಲ್ಲಿರಲಿ, ಅವನ ಲೆಕ್ಕ ಮಾತ್ರ ತನ್ನ ರೆಜಿಮೆಂಟಿನ ಆ ಕಚೇರಿಯಲ್ಲೇ ನಡೀತಿರುತ್ತೆ. ಸೇನೆಯ ಅಧಿಕಾರಿಗಳಾದರೆ ಪುಣೆಯ ಕಚೇರಿ, ನೌಕಾಪಡೆಯವರಿಗೆ ಮುಂಬೈನ ನೇವಲ್ ಪೇ ಆಫೀಸ್, ವಾಯುಪಡೆಯವರಿಗೆ ದೆಹಲಿಯ ಕೇಂದ್ರ ಲೆಕ್ಕ ಕಚೇರಿ.

ಮೊದಲೆಲ್ಲ ಯೂನಿಟ್‌ನ ಕ್ಲರ್ಕ್ ಪ್ರಿಂಟ್ ತೆಗೆದು ಕೈಗೆ ಕೊಡ್ತಿದ್ದರಂತೆ. ಈಗ ಜವಾನರಿಗೆ 'ಹಮ್‌ರಾಜ್' ಅನ್ನೋ ಆ್ಯಪ್ ಇದೆ. ತಿಂಗಳ ಪೇ ಸ್ಲಿಪ್, ಫಾರ್ಮ್ 16 ಎರಡೂ ಅದರಲ್ಲಿ ಸಿಗುತ್ತವೆ. ಅಣ್ಣ ಅದರಿಂದಲೇ ಫಾರ್ಮ್ 16 ಇಳಿಸಿಕೊಂಡಿದ್ದ. ಇಳಿಸಿಕೊಂಡವನು ತೆರೆದು ನೋಡದೆ ನೇರ ಏಜೆಂಟನಿಗೆ ಕಳಿಸಿದ್ದ. "ಇಂಗ್ಲಿಷ್‌ನಾಗ ಇರ್ತೈತಿ, ನಾ ಏನ್ ಓದ್ಲಿ?" ಅನ್ನೋದು ಅವನ ಮಾತು. ಇಂಗ್ಲಿಷ್ ಓದುವ ನಾನೇ ಓದಿರಲಿಲ್ಲವಲ್ಲ, ಅವನಿಗೆ ಏನು ಹೇಳೋದು!

ಕೊಡದ ದೇಣಿಗೆ, ಮಾಡದ ಸಾಲ

ಪರದೆಯ ಒಂದು ಕಡೆ ಫಾರ್ಮ್ 16, ಇನ್ನೊಂದು ಕಡೆ ಏಜೆಂಟ್ ತುಂಬಿದ ರಿಟರ್ನ್ ಇಟ್ಟುಕೊಂಡು ಸಾಲು ಸಾಲಾಗಿ ಹೋಲಿಸಿದೆ. ನಮ್ಮ ಕೆಲಸದಲ್ಲಿ ಹಳೇ ಕೋಡ್, ಹೊಸ ಕೋಡ್ ಪಕ್ಕಪಕ್ಕ ಇಟ್ಟು ಯಾವ ಸಾಲು ಬದಲಾಯ್ತು ಅಂತ ನೋಡ್ತೀವಲ್ಲ, ಹಾಗೇ.

2023-24ನೇ ಸಾಲಿನ ಫಾರ್ಮ್ 16ರ ಲೆಕ್ಕ ನೇರವಾಗಿತ್ತು. ಒಟ್ಟು ಸಂಬಳ 9,20,000. ತೆರಿಗೆ ಇಲ್ಲದ ಭತ್ಯೆ 31,200. ಸ್ಟ್ಯಾಂಡರ್ಡ್ ಡಿಡಕ್ಷನ್ 50,000. ಸೇನೆಯ ಪ್ರಾವಿಡೆಂಟ್ ಫಂಡ್, ಗ್ರೂಪ್ ಇನ್ಶೂರೆನ್ಸ್, ಮಗಳ ಹೆಸರಿನ ಸುಕನ್ಯಾ ಸಮೃದ್ಧಿ ಎಲ್ಲ ಸೇರಿ 80ಸಿಯಲ್ಲಿ 1,50,000. ಉಳಿದ 6,88,800ಕ್ಕೆ ಹಳೇ ಪದ್ಧತಿಯಲ್ಲಿ ಸೆಸ್ ಸೇರಿ ತೆರಿಗೆ 52,270. ಅಷ್ಟನ್ನೂ ಸಂಬಳದಲ್ಲೇ ಹಿಡಿದಿದ್ದರು. ಅಂದ್ರೆ ಲೆಕ್ಕ ಚುಕ್ತಾ. ವಾಪಸ್ ಬರಬೇಕಾದ್ದು ಏನೂ ಇರಲಿಲ್ಲ.

ರಿಟರ್ನ್‌ನಲ್ಲಿ ಎರಡು ಸಾಲು ಹೆಚ್ಚಿಗೆ ಇದ್ದವು. ಒಂದು, 80ಜಿಜಿಸಿ ಅಡಿಯಲ್ಲಿ ರಾಜಕೀಯ ಪಕ್ಷಕ್ಕೆ ದೇಣಿಗೆ 1,00,000. ಇನ್ನೊಂದು, 80ಇ ಅಡಿಯಲ್ಲಿ ಶಿಕ್ಷಣ ಸಾಲದ ಬಡ್ಡಿ 90,000. ಇವೆರಡನ್ನೂ ಕಳೆದರೆ ಉಳಿಯೋದು 4,98,800. ಹಳೇ ಪದ್ಧತಿಯಲ್ಲಿ ಐದು ಲಕ್ಷದೊಳಗಿನ ಆದಾಯಕ್ಕೆ ರಿಬೇಟ್ ಸಿಕ್ಕಿ ತೆರಿಗೆ ಸೊನ್ನೆ ಆಗುತ್ತೆ. ಏಜೆಂಟ್ ಆ ಐದು ಲಕ್ಷದ ಗೆರೆಯ ಕೆಳಗೆ ತರುವಷ್ಟು ಮಾತ್ರ ಸುಳ್ಳು ಬರೆದಿದ್ದ. ಅವನಿಗೆ ಗಣಿತ ಚೆನ್ನಾಗಿ ಬರ್ತಿತ್ತು.

"ಅಣ್ಣಾ, ನೀ ಯಾವ ಪಾರ್ಟಿಗರೆ ಲಕ್ಷ ರೂಪಾಯಿ ಕೊಟ್ಟೀಯೇನು?"

ಅಣ್ಣ ಕೈಯಲ್ಲಿದ್ದ ಉಂಡಿ ತಟ್ಟೆಗೆ ಇಟ್ಟ. "ಹುಚ್ಚ ಹಿಡದೈತೇನ್ ನಿನಗ? ನಾವು ಪಾರ್ಟಿ ಮೀಟಿಂಗಿಗೂ ಹೋಗಂಗಿಲ್ಲ, ರೊಕ್ಕಾನೂ ಕೊಡಂಗಿಲ್ಲ. ಗೊತ್ತಾದ್ರ ಅಷ್ಟ!"

ಅವನ ಮಾತು ಸರಿ. 1954ರ ಸೇನಾ ನಿಯಮಗಳ ಪ್ರಕಾರ ಸೈನಿಕ ರಾಜಕೀಯ ಸಂಘಟನೆಗೆ ಸೇರುವ ಹಾಗಿಲ್ಲ, ಅದಕ್ಕೆ ಚಂದಾ ಕೊಡುವ ಹಾಗೂ ಇಲ್ಲ. ಸಾಮಾನ್ಯ ನೌಕರನ ರಿಟರ್ನ್‌ನಲ್ಲಿ ಇಂಥ ಸುಳ್ಳು ತೆರಿಗೆಯ ತಪ್ಪು ಮಾತ್ರ. ಅಣ್ಣನ ಹೆಸರಲ್ಲಿ ಅದು ಸೇವಾ ನಿಯಮ ಮುರಿದೆ ಅಂತ ತಾನೇ ಸಹಿ ಹಾಕಿ ಸರ್ಕಾರಕ್ಕೆ ಬರೆದುಕೊಟ್ಟ ಹಾಗೆ. ಇಪ್ಪತ್ತು ಪರ್ಸೆಂಟಿನ ಆಸೆಗೆ ಆ ಏಜೆಂಟ್ ಅಣ್ಣನ ಹದಿನೇಳು ವರ್ಷದ ಸರ್ವಿಸ್ ಪಣಕ್ಕೆ ಇಟ್ಟಿದ್ದ.

ಎರಡನೇ ಸಾಲಿನ ಬಗ್ಗೆ ಕೇಳಿದಾಗ ಅಣ್ಣ ಸ್ವಲ್ಪ ಹೊತ್ತು ಸುಮ್ಮನಿದ್ದ. ಆಮೇಲೆ ಹೇಳಿದ. ಏಜೆಂಟ್ ಫೋನಿನಲ್ಲಿ "ಮನೆಯಲ್ಲಿ ಯಾರನ್ನಾದರೂ ಓದಿಸಿದ್ದೀರಾ?" ಅಂತ ಕೇಳಿದ್ದನಂತೆ. ಅಣ್ಣ ಹೌದು ಅಂದಿದ್ದ. "ನಮ್ಮ ತಮ್ಮನ್ನ ಇಂಜಿನಿಯರಿಂಗ್ ಓದಿಸೀನಿ ಅಂದೆ. ಖರೇ ಅಲ್ಲೇನ ಅದು?"

ಖರೇ. ಅಪ್ಪ ತೀರಿಕೊಂಡಾಗ ನಾನು ಪಿಯುಸಿಯಲ್ಲಿದ್ದೆ. ನಾಲ್ಕು ವರ್ಷದ ಕಾಲೇಜು ಫೀ, ಹಾಸ್ಟೆಲ್, ಕೊನೇ ವರ್ಷದ ಲ್ಯಾಪ್‌ಟಾಪ್ ಎಲ್ಲವೂ ಬಂದಿದ್ದು ಅಣ್ಣನ ಸಂಬಳದಿಂದ. ಬ್ಯಾಂಕಿನಲ್ಲಿ ಸಾಲ ಮಾಡೋಣ ಅಂತ ನಾನೇ ಹೇಳಿದ್ದೆ. "ಸಾಲ ಬ್ಯಾಡ, ನಾ ಅದೀನಿ" ಅಂದಿದ್ದ. ಹಾಗಾಗಿ ಶಿಕ್ಷಣ ಸಾಲ ಅನ್ನೋದೇ ನಮ್ಮ ಮನೆಯಲ್ಲಿ ಇರಲಿಲ್ಲ. ಇದ್ದಿದ್ದರೂ 80ಇ ಕಡಿತ ಸಿಗೋದು ತನ್ನ, ಹೆಂಡತಿಯ ಅಥವಾ ಮಕ್ಕಳ ಓದಿನ ಸಾಲಕ್ಕೆ; ತಮ್ಮನ ಓದಿಗಲ್ಲ. ಸಾಲ ಮಾಡದೇ ತಮ್ಮನನ್ನು ಓದಿಸಿದ್ದೇನೆ ಅಂತ ಅಣ್ಣ ಹೆಮ್ಮೆಯಿಂದ ಹೇಳಿದ ಮಾತನ್ನೇ ಏಜೆಂಟ್ ಸುಳ್ಳು ಸಾಲದ ಬಡ್ಡಿ ಮಾಡಿ ಬರೆದಿದ್ದ. ಆ ಸಾಲು ಪರದೆಯ ಮೇಲೆ ನೋಡ್ತಾ ನನಗೆ ಬಂದಷ್ಟು ಸಿಟ್ಟು ಈಚೆಗೆ ಯಾವುದಕ್ಕೂ ಬಂದಿರಲಿಲ್ಲ.

ಇನ್ನೊಂದು ವಿಷಯವೂ ಗೊತ್ತಾಯ್ತು. ಇಲಾಖೆಯ ಪೋರ್ಟಲ್‌ನಲ್ಲಿ ಅಣ್ಣನ ಪ್ರೊಫೈಲ್ ತೆರೆದರೆ ಇಮೇಲ್ ವಿಳಾಸ ಅಣ್ಣನದಲ್ಲ, ಏಜೆಂಟನದು. ಇಲಾಖೆ ಕಳಿಸಿದ ಇಮೇಲ್‌ಗಳೆಲ್ಲ ಅವನಿಗೇ ಹೋಗಿವೆ. ಅವನು ನಮಗೆ ಒಂದು ಮಾತೂ ತಿಳಿಸಿಲ್ಲ. ಮೊಬೈಲ್ ನಂಬರ್ ಒಂದು ಅಣ್ಣನದೇ ಇದ್ದಿದ್ದರಿಂದ, ಅದೂ ಅಣ್ಣ ನೆಟ್‌ವರ್ಕ್ ಸಿಗುವ ಊರಲ್ಲಿ ಇದ್ದಿದ್ದರಿಂದ, ಆ ಎಸ್‌ಎಂಎಸ್ ನಮ್ಮ ಕಣ್ಣಿಗೆ ಬಿತ್ತು. ಏಜೆಂಟನಿಗೆ ಫೋನ್ ಹಚ್ಚಿದರೆ ಸ್ವಿಚ್ ಆಫ್.

31,200 ರೂಪಾಯಿಯ ಸಾಲು

ಈ ನಡುವೆ ಫಾರ್ಮ್ 16ರಲ್ಲಿದ್ದ ಒಂದು ಅಂಕಿ ನನ್ನನ್ನು ಕಾಡ್ತಿತ್ತು. ತೆರಿಗೆ ಇಲ್ಲದ ಭತ್ಯೆ 31,200. ಹನ್ನೆರಡರಿಂದ ಭಾಗಿಸಿದೆ. ತಿಂಗಳಿಗೆ 2,600.

ಸೈನಿಕರಿಗೆ ಸಿಗುವ ಕೆಲವು ಭತ್ಯೆಗಳಿಗೆ ಆಗಿನ ಆದಾಯ ತೆರಿಗೆ ನಿಯಮ 2ಬಿಬಿಯಲ್ಲಿ ತಿಂಗಳಿಗೆ ಇಷ್ಟು ಅಂತ ವಿನಾಯಿತಿ ಗೊತ್ತುಮಾಡಿದ್ದರು. ಫೀಲ್ಡ್ ಏರಿಯಾದಲ್ಲಿದ್ದರೆ 2,600. ಮಾಡಿಫೈಡ್ ಫೀಲ್ಡ್ ಏರಿಯಾಕ್ಕೆ 1,000. ಉಗ್ರರ ವಿರುದ್ಧದ ಕಾರ್ಯಾಚರಣೆಯಲ್ಲಿದ್ದರೆ 3,900. ಅತಿ ಚಟುವಟಿಕೆಯ ಫೀಲ್ಡ್ ಏರಿಯಾಕ್ಕೆ 4,200. ಒಂಬತ್ತು ಸಾವಿರ ಅಡಿಯಿಂದ ಹದಿನೈದು ಸಾವಿರ ಅಡಿವರೆಗಿನ ಎತ್ತರಕ್ಕೆ 1,060, ಅದಕ್ಕಿಂತ ಮೇಲೆ 1,600. ಭತ್ಯೆ ಇದಕ್ಕಿಂತ ಹೆಚ್ಚಿರಬಹುದು, ಆದರೆ ತೆರಿಗೆ ಬಿಡ್ತಿದ್ದುದು ಇಷ್ಟಕ್ಕೆ ಮಾತ್ರ. ಪಟ್ಟಿ ಓದ್ತಾ ಇದ್ದ ಹಾಗೆ ಅದು ತೆರಿಗೆಯ ಪಟ್ಟಿ ಅನ್ನಿಸಲಿಲ್ಲ.

ಯಾಕಂದ್ರೆ ಅಣ್ಣ ಆ ವರ್ಷ ಪೂರ್ತಿ ಫೋನಿನಲ್ಲಿ ಹೇಳಿದ್ದು ಒಂದೇ ಮಾತು: "ಆಫೀಸ್ ಡ್ಯೂಟಿ ಐತಿ ಅವ್ವಾ, ಆರಾಮ ಅದೀನಿ." ಮೇಜು, ಕುರ್ಚಿ, ಫ್ಯಾನ್ ಇರುವ ಕೋಣೆಯಲ್ಲಿ ಮಗ ರಿಜಿಸ್ಟರ್ ಬರೀತಿದ್ದಾನೆ ಅಂತ ಅವ್ವ ಅಂದುಕೊಂಡಿದ್ದಳು. ನಾನೂ ಹಾಗೇ ಅಂದುಕೊಂಡಿದ್ದೆ.

"ಅಣ್ಣಾ, ಹನ್ನೆರಡೂ ತಿಂಗಳು ಫೀಲ್ಡ್‌ನಾಗ ಇದ್ದೀಯಲ್ಲ" ಅಂದೆ, ಯೋಚನೆ ಮಾಡದೆ.

ಅಣ್ಣ ಕಣ್ಣಲ್ಲೇ ಸುಮ್ಮನಿರು ಅಂದ. ತಡವಾಗಿತ್ತು. ಅವ್ವ ಅಡುಗೆಮನೆಯ ಬಾಗಿಲಲ್ಲಿ ನಿಂತಿದ್ದಳು. ಫೀಲ್ಡ್ ಅಂದ್ರೆ ಏನು ಅಂತ ಸೈನಿಕನ ತಾಯಿಗೆ ಯಾರೂ ಬಿಡಿಸಿ ಹೇಳಬೇಕಾಗಿಲ್ಲ. ವೈನಿ ತಲೆ ತಗ್ಗಿಸಿ ಮಗಳ ಜಡೆ ಹೆಣೆಯುತ್ತಲೇ ಇದ್ದಳು. ಆಕೆಗೆ ಗೊತ್ತಿತ್ತು ಅಂತ ಕಾಣುತ್ತೆ.

"ಚಳಿ ಭಾಳ ಇತ್ತೇನೋ?" ಅವ್ವ ಕೇಳಿದ್ದು ಇಷ್ಟೇ.

"ಇಲ್ಲಬೇ. ಕಂಬಳಿ ಕೊಡ್ತಾರ."

ಯಾವ ಜಾಗ, ಯಾವ ಕೆಲಸ ಅಂತ ನಾನೂ ಕೇಳಲಿಲ್ಲ, ಅವನೂ ಹೇಳಲಿಲ್ಲ, ಕೇಳಬಾರದು ಕೂಡ. ಆದರೆ ಐವತ್ತೆರಡು ಸಾವಿರಕ್ಕೆ ಒಂದು ಸುಳ್ಳು ಹೇಳಿದ ರಿಟರ್ನ್, ಅವ್ವನ ನಿದ್ದೆ ಕೆಡದಿರಲಿ ಅಂತ ಅಣ್ಣ ಹೇಳಿದ ಸುಳ್ಳು, ಎರಡೂ ಒಂದೇ ಮಧ್ಯಾಹ್ನ ಹೊರಬಿದ್ದವು. ಎರಡನ್ನೂ ಹೊರಗೆ ಹಾಕಿದ್ದು ಅದೇ ಕಾಗದ.

ತಿದ್ದಿದ್ದು

ಮಾಮೂಲಿ ತಿದ್ದುಪಡಿ ರಿಟರ್ನ್ ಸಲ್ಲಿಸುವ ಗಡುವು 2025ರ ಜನವರಿ 15ಕ್ಕೇ ಮುಗಿದಿತ್ತು. ಉಳಿದ ದಾರಿ 'ಅಪ್‌ಡೇಟೆಡ್ ರಿಟರ್ನ್', ಅಂದ್ರೆ ಐಟಿಆರ್-ಯು. ತೆರಿಗೆ ಕಡಿಮೆ ತೋರಿಸಿದವರು ತಾವಾಗಿಯೇ ಬಂದು ಹೆಚ್ಚಿಗೆ ಕಟ್ಟಿ ಸರಿಪಡಿಸಿಕೊಳ್ಳೋಕೆ ಇದು. 2025ರಿಂದ ಇದಕ್ಕೆ ನಾಲ್ಕು ವರ್ಷದ ಅವಕಾಶ ಕೊಟ್ಟಿದ್ದಾರೆ, ಆದರೆ ತಡ ಮಾಡಿದಷ್ಟೂ ದುಬಾರಿ. ಕಟ್ಟಬೇಕಾದ ತೆರಿಗೆ ಮತ್ತು ಬಡ್ಡಿಯ ಮೇಲೆ ಮೊದಲ ವರ್ಷ ಶೇ 25 ಹೆಚ್ಚುವರಿ, ಎರಡನೇ ವರ್ಷ ಶೇ 50, ಆಮೇಲೆ 60, 70.

ಅಣ್ಣನಿಗೆ ಬಂದಿದ್ದ ರೀಫಂಡ್, ಅದರ ಮೇಲಿನ ಬಡ್ಡಿ, ಶೇ 25 ಹೆಚ್ಚುವರಿ ಎಲ್ಲ ಸೇರಿ ಮೊತ್ತ ಎಪ್ಪತ್ತು ಸಾವಿರದ ಹತ್ತಿರ ಬಂತು. ಏಜೆಂಟನಿಗೆ ಕೊಟ್ಟ ಹತ್ತು ಸಾವಿರದ ನಾನೂರು ಅದರ ಮೇಲೆ ದಂಡ. ಆದರೂ ಇದು ಅಗ್ಗವೇ. ವಿಚಾರಣೆ ಶುರುವಾಗಿಬಿಟ್ಟಿದ್ದರೆ ಈ ಬಾಗಿಲು ಮುಚ್ಚಿರ್ತಿತ್ತು. ಬೇಕಂತಲೇ ತಪ್ಪು ಮಾಹಿತಿ ಕೊಟ್ಟರೆ ದಂಡ ಆ ತೆರಿಗೆಯ ಶೇ 200. ಅಂದ್ರೆ ದಂಡವೇ ಲಕ್ಷ ದಾಟ್ತಿತ್ತು.

"ರೊಕ್ಕ ನಾ ಹಾಕ್ತೀನಿ ಅಣ್ಣಾ" ಅಂದೆ. ನಾನು ಇವತ್ತು ತಿಂಗಳಿಗೆ ದುಡಿಯುವುದರಲ್ಲಿ ಅದೇನೂ ದೊಡ್ಡ ಮೊತ್ತವಲ್ಲ.

"ಬ್ಯಾಡ. ಓದದ ಕಳಿಸಿದಾಂವ ನಾ. ನಾನ ಕಟ್ತೀನಿ."

ಮನೆ ಕಟ್ಟೋಕೆ ಅಂತ ಕೂಡಿಟ್ಟಿದ್ದ ದುಡ್ಡಿನಿಂದಲೇ ಕಟ್ಟಿದ. ಮನೆ ಸಾಲಕ್ಕೆ ಬ್ಯಾಂಕಿನವರು ಹಿಂದಿನ ವರ್ಷಗಳ ಫಾರ್ಮ್ 16, ರಿಟರ್ನ್ ಎರಡೂ ಕೇಳಿದ್ದರು. ಒಂದಕ್ಕೊಂದು ತಾಳೆಯಾಗದ ಕಾಗದ ಇಟ್ಟುಕೊಂಡು ಅಲ್ಲಿಗೆ ಹೋಗುವ ಹಾಗೂ ಇರಲಿಲ್ಲ. ಪಾಸ್‌ವರ್ಡ್ ಬದಲಿಸಿದೆವು. ಇಮೇಲ್ ಅಣ್ಣನದೇ ಹೊಸದು ಮಾಡಿ ಹಾಕಿದೆವು. ಎರಡು ದಿನದಲ್ಲಿ ಐಟಿಆರ್-ಯು ಸಲ್ಲಿಸಿ, ಆಧಾರ್ ಓಟಿಪಿಯಿಂದ ದೃಢೀಕರಿಸಿದೆವು. ಅಣ್ಣ ತನ್ನ ಯೂನಿಟ್‌ನ ಗೆಳೆಯರಿಗೆ ಒಬ್ಬೊಬ್ಬರಿಗೇ ಫೋನ್ ಮಾಡಿ, "ನಿಂದೂ ತಗದ ನೋಡು" ಅಂತ ಹೇಳಿದ. ಸಂಜೆಯಾಗುವಷ್ಟರಲ್ಲಿ ನನ್ನ ಮೊಬೈಲ್‌ಗೆ ಅವರಿಂದ ಫೋನ್‌ಗಳು ಶುರು. ಇಬ್ಬರದ್ದು ಇದೇ ಕತೆ.

ನ್ಯಾಯವಾಗಿ ಬಂದ ದುಡ್ಡು

ಕತೆ ಇಲ್ಲಿಗೇ ಮುಗಿದಿದ್ದರೆ ಇದನ್ನು ಬರೆಯುವ ಉತ್ಸಾಹ ನನಗೆ ಇರ್ತಿರಲಿಲ್ಲ. 2024-25ನೇ ಸಾಲಿನ ರಿಟರ್ನ್ ಇನ್ನೂ ತುಂಬಿರಲಿಲ್ಲ. ಆ ವರ್ಷ ಗಡುವನ್ನು ಜುಲೈ 31ರಿಂದ ಸೆಪ್ಟೆಂಬರ್ 15ಕ್ಕೆ ಮುಂದೂಡಿದ್ದರು. ಅಣ್ಣ ಹಮ್‌ರಾಜ್‌ನಿಂದ ಹೊಸ ಫಾರ್ಮ್ 16 ಇಳಿಸಿ ಈ ಸಲ ನನ್ನ ಪಕ್ಕದಲ್ಲೇ ಕೂತ.

ಒಟ್ಟು ಸಂಬಳ 9,80,000. ಯೂನಿಟ್‌ನಲ್ಲಿ ಹಳೇ ಪದ್ಧತಿ ಅಂತ ಬರೆದುಕೊಟ್ಟಿದ್ದರಿಂದ ಆ ಲೆಕ್ಕದಲ್ಲಿ 64,750 ರೂಪಾಯಿ ಹಿಡಿದಿದ್ದರು. ಹೊಸ ಪದ್ಧತಿಯಲ್ಲಿ ಫೀಲ್ಡ್ ಭತ್ಯೆಯ ವಿನಾಯಿತಿ ಇಲ್ಲ, 80ಸಿ ಇಲ್ಲ. ಆದರೆ ಸ್ಟ್ಯಾಂಡರ್ಡ್ ಡಿಡಕ್ಷನ್ 75,000, ತೆರಿಗೆಯ ದರಗಳೂ ಕಡಿಮೆ. 9,05,000ಕ್ಕೆ ಲೆಕ್ಕ ಹಾಕಿದರೆ ಸೆಸ್ ಸೇರಿ 42,120. ಸಂಬಳದ ಆದಾಯ ಮಾತ್ರ ಇರುವವರು ಗಡುವಿನೊಳಗೆ ರಿಟರ್ನ್ ತುಂಬುವಾಗ ಯಾವ ಪದ್ಧತಿ ಬೇಕೋ ಅದನ್ನು ಆರಿಸಿಕೊಳ್ಳಬಹುದು. ಯೂನಿಟ್‌ನಲ್ಲಿ ಬೇರೆ ಹೇಳಿದ್ದರೂ ಅಡ್ಡಿಯಿಲ್ಲ. ವ್ಯತ್ಯಾಸ 22,630 ರೂಪಾಯಿ. ಒಂದೂ ಸುಳ್ಳಿಲ್ಲದೆ, ಯಾರಿಗೂ ಪರ್ಸೆಂಟೇಜ್ ಇಲ್ಲದೆ ಅಣ್ಣನಿಗೆ ವಾಪಸ್ ಬರಬೇಕಾದ ದುಡ್ಡು.

"ಇಷ್ಟು ವರ್ಷ ಇದನ್ಯಾರೂ ಹೇಳಲಿಲ್ಲಲ್ಲೋ" ಅಂದ. ಹೇಳಬೇಕಾಗಿದ್ದವನು ಬೆಂಗಳೂರಿನಲ್ಲಿ ಎಸಿ ಆಫೀಸಿನಲ್ಲಿ ಕೂತಿದ್ದ. ಅವನ ದುಡ್ಡಲ್ಲೇ ಓದಿದ ತಮ್ಮ ಒಮ್ಮೆಯೂ "ಅಣ್ಣಾ, ನಿನ್ನ ಫಾರ್ಮ್ 16 ಕಳಿಸು, ನೋಡ್ತೀನಿ" ಅಂದಿರಲಿಲ್ಲ. ಏಜೆಂಟ್ ಅಂಥವರು ಹುಟ್ಟೋದು ನಮ್ಮಂಥವರು ಬಿಟ್ಟ ಜಾಗದಲ್ಲೇ.

ನಿಮ್ಮ ಮನೆಯಲ್ಲೂ ಸೈನಿಕರಿದ್ದರೆ

ಆ ಇಪ್ಪತ್ತು ದಿನದಲ್ಲಿ ಕಲಿತಿದ್ದನ್ನು ಓದುಗರಿಗೆ ಚಿಕ್ಕದಾಗಿ ಹೇಳ್ತೀನಿ.

ಜೂನ್ ಕೊನೆಯೊಳಗೆ ಫಾರ್ಮ್ 16 ಇಳಿಸಿಕೊಳ್ಳೋಕೆ ಹೇಳಿ, ಒಂದು ಪ್ರತಿ ಮನೆಯಲ್ಲೂ ಇರಲಿ. ಆ್ಯಪ್ ಹಾಕಿಕೊಳ್ಳುವುದಾದರೆ ಸೇನೆಯ ಅಧಿಕೃತ ಜಾಲತಾಣದಿಂದ ಮಾತ್ರ. ಯಾರೋ ವಾಟ್ಸಾಪ್‌ನಲ್ಲಿ ಕಳಿಸಿದ ಲಿಂಕ್ ಬೇಡವೇ ಬೇಡ. ಪೇ ಸ್ಲಿಪ್, ಫಾರ್ಮ್ 16 ಎರಡರಲ್ಲೂ ಹೊರಗಿನವರಿಗೆ ಗೊತ್ತಾಗಬಾರದ ವಿವರ ಇರುತ್ತೆ. ಗ್ರೂಪ್‌ಗಳಿಗೆ ಹಾಕಬೇಡಿ.

ಇಲಾಖೆಯ ಪೋರ್ಟಲ್‌ನಲ್ಲಿ ಸಿಗುವ 26ಎಎಸ್ ಮತ್ತು ವಾರ್ಷಿಕ ಮಾಹಿತಿ ಪತ್ರ (ಎಐಎಸ್) ಜೊತೆ ಫಾರ್ಮ್ 16ರ 'ಎ' ಭಾಗ ತಾಳೆ ನೋಡಿ. ಹಿಡಿದ ತೆರಿಗೆ ಎರಡೂ ಕಡೆ ಒಂದೇ ಇರಬೇಕು. ಬೇರೆ ಇದ್ದರೆ ರಿಟರ್ನ್ ತುಂಬುವ ಮೊದಲೇ ಯೂನಿಟ್‌ನ ಕ್ಲರ್ಕ್ ಮೂಲಕ ಪೇ ಆಫೀಸಿಗೆ ತಿಳಿಸಬೇಕು. ಎಐಎಸ್‌ನಲ್ಲಿ ಬ್ಯಾಂಕ್ ಬಡ್ಡಿಯೂ ಕಾಣುತ್ತೆ. ಅದು ಫಾರ್ಮ್ 16ರಲ್ಲಿ ಇರಲ್ಲ, ನಾವೇ ಸೇರಿಸಬೇಕು.

ಸೈನಿಕರಿಗೆ ಅರಿಯರ್ಸ್ ಬರೋದು ಮಾಮೂಲು. ಬಡ್ತಿ, ಭತ್ಯೆ ಏನೇ ಬದಲಾದರೂ ಯೂನಿಟ್‌ನಲ್ಲಿ 'ಪಾರ್ಟ್ ಟು ಆರ್ಡರ್' ಆಗಿ, ಅದು ಪೇ ಆಫೀಸಿಗೆ ಹೋಗಿ, ಆಮೇಲೆ ಸಂಬಳದಲ್ಲಿ ಸೇರಬೇಕು. ಹಳೇ ವರ್ಷದ ದುಡ್ಡು ಈ ವರ್ಷ ಒಟ್ಟಿಗೆ ಬಂದು ತೆರಿಗೆ ಏರಿದ್ದರೆ 89ನೇ ಸೆಕ್ಷನ್‌ನಲ್ಲಿ ಪರಿಹಾರ ಇದೆ. ಅದಕ್ಕೆ ರಿಟರ್ನ್‌ಗಿಂತ ಮುಂಚೆ ಫಾರ್ಮ್ 10ಇ ಸಲ್ಲಿಸಬೇಕು.

ಹಳೇ ಪದ್ಧತಿ, ಹೊಸ ಪದ್ಧತಿ ಎರಡರಲ್ಲೂ ಪ್ರತಿ ವರ್ಷ ಲೆಕ್ಕ ಹಾಕಿ ನೋಡಿ. 2025-26ನೇ ಸಾಲಿನಿಂದ ಹೊಸ ಪದ್ಧತಿಯಲ್ಲಿ 12 ಲಕ್ಷದವರೆಗಿನ ಆದಾಯಕ್ಕೆ ತೆರಿಗೆ ಇಲ್ಲ. ಸ್ಟ್ಯಾಂಡರ್ಡ್ ಡಿಡಕ್ಷನ್ ಸೇರಿಸಿದರೆ 12,75,000ರವರೆಗಿನ ಸಂಬಳಕ್ಕೆ. ಬಹಳಷ್ಟು ಜವಾನರು ಇದರೊಳಗೇ ಬರ್ತಾರೆ. ಅಂಥವರಿಗೆ ರೀಫಂಡ್ ಕೊಡಿಸ್ತೀನಿ ಅನ್ನುವವನ ಅಗತ್ಯವೇ ಇಲ್ಲ.

ನಿವೃತ್ತರಾದ ಮೇಲೆ ಕಾಗದ ಬರುವ ಜಾಗ ಬದಲಾಗುತ್ತೆ. ಪಿಂಚಣಿಯ ಲೆಕ್ಕ ಈಗ 'ಸ್ಪರ್ಶ್' ಪೋರ್ಟಲ್‌ನಲ್ಲಿ ಇದೆ, ಫಾರ್ಮ್ 16 ಅಲ್ಲೇ ಸಿಗುತ್ತೆ. ಕಾರ್ಯಾಚರಣೆಯಲ್ಲಿ ಪ್ರಾಣ ಕೊಟ್ಟ ಯೋಧರ ಕುಟುಂಬಕ್ಕೆ ಬರುವ ಪಿಂಚಣಿಗೆ ತೆರಿಗೆ ಇಲ್ಲ, ಶೌರ್ಯ ಪ್ರಶಸ್ತಿ ಪಡೆದವರ ಪಿಂಚಣಿಗೂ ವಿನಾಯಿತಿ ಇದೆ. ನಿಮ್ಮ ಓಣಿಯಲ್ಲಿ ಅಂಥ ತಾಯಿ ಇದ್ದರೆ, ಅವರ ಪಿಂಚಣಿಯಲ್ಲಿ ತೆರಿಗೆ ಹಿಡೀತಿದ್ದಾರಾ ಅಂತ ಒಮ್ಮೆ ನೋಡಿಕೊಡಿ.

ಇನ್ನೊಂದು ಮಾತು. 2026ರ ಏಪ್ರಿಲ್ 1 ಹೊಸ ಆದಾಯ ತೆರಿಗೆ ಕಾಯ್ದೆ ಜಾರಿಯ ದಿನ. ನಾನು ಹೇಳಿದ ಸೆಕ್ಷನ್ ನಂಬರುಗಳು ಹಳೇ ಕಾಯ್ದೆಯವು, ಹೊಸದರಲ್ಲಿ ಅವು ಬೇರೆ. ಪಾಸ್‌ವರ್ಡ್ ಯಾರಿಗೂ ಕೊಡಬಾರದು, ಸಹಿ ಹಾಕುವ ಮುಂಚೆ ಓದಬೇಕು ಅನ್ನೋದು ಬದಲಾಗಲ್ಲ. ಯಾರು ತುಂಬಿದರೂ ರಿಟರ್ನ್‌ಗೆ ಜವಾಬ್ದಾರಿ ಪ್ಯಾನ್ ಯಾರದೋ ಅವರದೇ.

ರಜೆ ಮುಗಿಸಿ ಹೊರಟ ದಿನ ಬೆಳಗಾವಿ ಸ್ಟೇಷನ್‌ವರೆಗೆ ನಾನೂ ಅವ್ವನೂ ಹೋಗಿದ್ದೆವು. ಅವ್ವ ಉಂಡಿ ಡಬ್ಬಿಯ ಮೇಲೆ ಒಂದು ಹೊಸ ಉಲ್ಲನ್ ಮಫ್ಲರ್ ಇಟ್ಟು ಕೊಟ್ಟಳು. ಬೈಲಹೊಂಗಲದ ಸಂತೆಯಲ್ಲಿ ಆಗಸ್ಟ್ ತಿಂಗಳಲ್ಲಿ ಅದು ಎಲ್ಲಿ ಸಿಕ್ಕಿತೋ ಗೊತ್ತಿಲ್ಲ. ಅಣ್ಣ ಏನೂ ಹೇಳದೆ ಕುತ್ತಿಗೆಗೆ ಸುತ್ತಿಕೊಂಡ. ಬೆವರು ಸುರೀತಿದ್ದರೂ ರೈಲು ಹೊರಡೋವರೆಗೆ ತೆಗೆಯಲಿಲ್ಲ.

ಸೆಪ್ಟೆಂಬರ್‌ನಲ್ಲಿ ಅವನ ಖಾತೆಗೆ 22,630 ರೂಪಾಯಿ ಬಂತು. ಮೆಸೇಜ್ ಮಾಡಿದ್ದ: "ತಮ್ಮಾ, ಖರೇ ರೊಕ್ಕ ಬಂತು." ಅದರ ಕೆಳಗೆ ಆ ತಿಂಗಳ ಪೇ ಸ್ಲಿಪ್‌ನ ಪಿಡಿಎಫ್ ಇತ್ತು. ನಾನು ಕೇಳಿರಲಿಲ್ಲ, ಅವನೇ ಕಳಿಸಿದ್ದ. ಆ ರಾತ್ರಿ ಕೂತು ಅದರ ಒಂದೊಂದು ಸಾಲನ್ನೂ ಓದಿದೆ.